ಮಾತು ಹೊರುತ್ತಿದ್ದ ಹುಡುಗಿ

ಹೋದ ತಿಂಗಳು ಹರಪನಹಳ್ಳಿಯಿಂದ ಕೂಡ್ಲಿಗಿಗೆ ಬಸ್ಸಿನಲ್ಲಿ ಹೊರಟಿದ್ದೆ. ಕೊಟ್ಟೂರು ದಾಟಿ ಸ್ವಲ್ಪ ಹೊತ್ತಾಗಿತ್ತು. ಇದ್ದಕ್ಕಿದ್ದಂತೆ ಕಿಟಕಿಯಿಂದ ಹಸಿ ಶೇಂಗಾದ ವಾಸನೆ ನುಗ್ಗಿ ಬಂತು. ಗಿಡ ಕಿತ್ತಾಗ ಬೇರಿನ ಜೊತೆ ಎದ್ದು ಬರುವ ಕೆಂಪು ಮಣ್ಣು, ಎಳೆಕಾಯಿಯ ಹಾಲು, ಬಾಡುತ್ತಿರುವ ಎಲೆಯ ಒಗರು, ಮೂರೂ ಕೂಡಿದ ವಾಸನೆ. ಪಕ್ಕದ ಸೀಟಿನ ಹೆಂಗಸು, "ಈ ಸಲ ಬೆಳಿ ಚಲೋ ಬಂದೈತಿ ನೋಡ್ರಿ" ಅಂದಳು. ಹೂಂ ಅಂದೆ. ಮೂರು ವರ್ಷದ ಹಿಂದೆ ಇದೇ ವಾಸನೆಯ ನಡುವೆ, ಹೊಸಹಳ್ಳಿ ಕಡೆಯ ಒಂದು ಹೊಲದಲ್ಲಿ ಕೂತು, ನಾನು ನನ್ನ ಕೆಲಸ ಕಲಿತಿದ್ದೆ.

ಆ ವರ್ಷ ನನಗೆ ಮೊದಲ ನೌಕರಿ. ಊರು ಹರಪನಹಳ್ಳಿ ತಾಲ್ಲೂಕಿನ ಅರಸೀಕೆರೆ. ಧಾರವಾಡದಲ್ಲಿ ಓದಿ ಬಂದು ಒಂದು ಮಾನಸಿಕ ಆರೋಗ್ಯ ತಂಡಕ್ಕೆ ಆಪ್ತಸಮಾಲೋಚಕಿಯಾಗಿ ಸೇರಿದ್ದೆ. ತಂಡ ಅಂದರೆ ನಾವು ಮೂವರೇ: ಹೆಚ್ಚು ಮಾತಾಡದ ಡಾಕ್ಟರು, ನಾನು, ಕೊಟ್ಟೂರಿನ ನಸೀಮಾ ಸಿಸ್ಟರ್. ಸೋಮವಾರ ಕೂಡ್ಲಿಗಿ, ಮಂಗಳವಾರ ಕೊಟ್ಟೂರು, ಬುಧವಾರ ಹಗರಿಬೊಮ್ಮನಹಳ್ಳಿ, ಗುರುವಾರ ಹಡಗಲಿ, ಶುಕ್ರವಾರ ಹರಪನಹಳ್ಳಿ. ವ್ಯಾನಿನಲ್ಲಿ ಔಷಧಿ ಪೆಟ್ಟಿಗೆ ಕಾಲಡಿ ಇಟ್ಟುಕೊಂಡು ಐದು ದಿನ ಐದು ಊರು ಸುತ್ತುತ್ತಿದ್ದೆವು. ನನಗೆ ಅದು ಜಾತ್ರೆಗಿಂತ ಹೆಚ್ಚಿನ ಸಂಭ್ರಮ.

ಓದುವಾಗ ನನ್ನ ತಲೆ ಕೆಡಿಸಿದ ವಿಷಯ ಒಂದೇ, ಕುಟುಂಬ ಚಿಕಿತ್ಸೆ. ಅದರ ಬುಡದಲ್ಲಿರುವ ವಿಚಾರ ಸರಳ. ಮನೆಯಲ್ಲಿ ಒಬ್ಬರಿಗೆ ಏನೋ ಆದಾಗ ನಾವು ಅವರೊಬ್ಬರನ್ನೇ ಹಿಡಿದು ನೋಡುತ್ತೇವೆ. ಆದರೆ ಮನೆ ಎಂಬುದು ಬಿಡಿ ಬಿಡಿ ಮನುಷ್ಯರ ಮೊತ್ತ ಅಲ್ಲ. ಒಬ್ಬರು ಅಲುಗಿದರೆ ಎಲ್ಲರೂ ಅಲುಗುವಂತೆ ಹೆಣೆದುಕೊಂಡ ವ್ಯವಸ್ಥೆ ಅದು. ಇಬ್ಬರ ನಡುವಿನ ಬಿಗುವು ತಡೆಯಲಾಗದಷ್ಟು ಆದಾಗ ಅವರು ಗೊತ್ತಿಲ್ಲದೆಯೇ ಮೂರನೆಯವರನ್ನು ನಡುವೆ ಎಳೆದುಕೊಳ್ಳುತ್ತಾರೆ. ಬಹಳ ಸಲ ಆ ಮೂರನೆಯವರು ಮಕ್ಕಳು. ಕೊನೆಗೆ ಬೇನೆ ಕಾಣಿಸಿಕೊಳ್ಳುವುದೂ ಅವರಲ್ಲೇ. ಇದನ್ನು ಮೊದಲ ಸಲ ಓದಿದ ದಿನ ಹಾಸ್ಟೆಲಿನ ಗೆಳತಿಯರನ್ನೆಲ್ಲ ಕೂರಿಸಿ ಅವರವರ ಮನೆಯ ನಕ್ಷೆ ಬರೆಸಿದ್ದೆ.

ಇಲ್ಲಿಗೆ ಬಂದರೆ ಮನೆಯವರೆಲ್ಲ ಒಟ್ಟಿಗೆ ಸಿಗುವುದೇ ಇಲ್ಲ. ಬಿತ್ತನೆಯ ಕಾಲ. ರೋಗಿ ಒಬ್ಬರು, ಜೊತೆಗೊಬ್ಬರು, ಹದಿನೈದು ದಿನದ ಮಾತ್ರೆ. "ಕೆಲ್ಸ ಬಿಟ್ಟು ಮನಿಮಂದಿನೆಲ್ಲ ಕರಕಂಬರ್ರಿ ಅಂದ್ರ ಯಾರು ಬರ್ತಾರ ಮೇಡಂ?" ಎಂದು ನಸೀಮಾ ನಗುತ್ತಿದ್ದರು.

ಆಷಾಢದ ಒಂದು ಸೋಮವಾರ ಅವರು ಬಂದರು. ಅವತ್ತು ಕೂಡ್ಲಿಗಿಯಲ್ಲಿ ಮಳೆ ಹೆಸರಿಗಷ್ಟೆ, ಗಾಳಿ ಮಾತ್ರ ಬಾಗಿಲನ್ನು ಎತ್ತಿ ಎತ್ತಿ ಬಡಿಯುತ್ತಿತ್ತು. ಮೊದಲು ಒಳಗೆ ಬಂದವಳು ಹದಿನೈದರ ಪವಿತ್ರ. (ಇಲ್ಲಿಯ ಹೆಸರುಗಳು ನಾನು ಇಟ್ಟವು. ಆ ಮನೆಯವರನ್ನು ಕೇಳಿಯೇ ಇದನ್ನು ಬರೆಯುತ್ತಿದ್ದೇನೆ.) ಎಸ್ಸೆಸ್ಸೆಲ್ಸಿ ಓದುತ್ತಿದ್ದ ಹುಡುಗಿ. ಬಲಗೈ ಬಿಗಿಯಾಗಿ ಮುಷ್ಟಿ ಕಟ್ಟಿತ್ತು. ಅದನ್ನು ಎಡಗೈಯಿಂದ ಎದೆಗೆ ಒತ್ತಿ ಹಿಡಿದಿದ್ದಳು. ಹಿಂದೆ ತಾಯಿ ಗಂಗಮ್ಮ. ತಂದೆ ಓಬಳೇಶ, ಹೆಗಲ ಮೇಲೆ ಕಂಬಳಿ, ಬಾಗಿಲಲ್ಲೇ ನಿಂತ. ಅವರಿಗೆ ನಾಲ್ಕು ಎಕರೆ ಹೊಲ, ಒಂದು ಹಿಂಡು ಕುರಿ.

ಬಳ್ಳಾರಿಯಲ್ಲಿ ಸ್ಕ್ಯಾನ್ ಆಗಿತ್ತು. ಮನೆದೇವರ ಹತ್ತಿರ ದಾರ ಕಟ್ಟಿಸಿದ್ದೂ ಆಗಿತ್ತು. ನಮ್ಮ ಡಾಕ್ಟರು ಕಾಗದಗಳನ್ನೆಲ್ಲ ನೋಡಿ, ನರ ಪರೀಕ್ಷಿಸಿ, ನನ್ನ ಕಡೆ ತಿರುಗಿದರು. "ನರಕ್ಕೆ ಏನೂ ಆಗಿಲ್ಲ. ಹುಡುಗಿ ಬೇಕಂತ ಮಾಡ್ತಿಲ್ಲ, ಅವಳಿಗೂ ಗೊತ್ತಿಲ್ಲದಂಗೆ ಕೈ ಮುಚ್ಚಿದೆ. ಇದು ನಿಮ್ಮ ಪಾಲು."

"ಎಷ್ಟು ದಿನ ಆತು ಹಿಂಗಾಗಿ?" ಎಂದು ಗಂಗಮ್ಮನನ್ನು ಕೇಳಿದೆ.

"ಎರಡು ತಿಂಗಳಾಗಿರಬೇಕ್ರಿ." ಆಕೆ ಮಗಳ ಕಡೆ ನೋಡಿದಳು. "ನಿಮ್ಮಪ್ಪನ್ನ ಕೇಳವ್ವ, ಕುರಿ ತಗಂಡು ಊರಿಗೆ ಬಂದ ಮ್ಯಾಲನಾ ಅಂತ."

ಓಬಳೇಶ ಮೂರು ಹೆಜ್ಜೆ ಆಚೆಗಿದ್ದ. ಮಾತು ಅವನ ಕಿವಿಗೆ ಬಿದ್ದಿತ್ತು. ಆದರೂ ಪವಿತ್ರ ತಿರುಗಿ, "ಅಪ್ಪ, ನೀ ಕುರಿ ತಗಂಡು ಬಂದ ಮ್ಯಾಲನಾ ಅಂತ ಕೇಳಾಕತ್ತಾಳ" ಅಂದಳು.

"ಹೌದಂತ ಹೇಳು ನಿಮ್ಮವ್ವಗ."

"ಹೌದಂತ ಅವ್ವ."

ನನ್ನ ಪೆನ್ನು ನಿಂತುಬಿಟ್ಟಿತು. ಪುಸ್ತಕದಲ್ಲಿ ಓದಿದ್ದ ತ್ರಿಕೋನ ನನ್ನ ಕಣ್ಣೆದುರು ಉಸಿರಾಡುತ್ತ ನಿಂತಿತ್ತು! ನಾಲ್ಕು ವರ್ಷದಿಂದ ಗಂಡ ಹೆಂಡತಿ ನೇರ ಮಾತಾಡಿರಲಿಲ್ಲ ಎಂಬುದು ಆಮೇಲೆ ತಿಳಿಯಿತು. ಉಪ್ಪು, ನೀರು, ಜ್ವರ, ಕೂಲಿ ಆಳು, ಎಲ್ಲವೂ ಮಗಳ ಬಾಯಿಯಿಂದ. ನಾನು ಪವಿತ್ರಳನ್ನು ಕೇಳಿದೆ, "ನಿನ್ನ ಕೈ ಹಿಂಗಾದ ಮ್ಯಾಲೆ ಮನ್ಯಾಗ ಏನು ಬದಲಾಗೈತಿ?"

ಅವಳು ಯೋಚಿಸಲೇ ಇಲ್ಲ. "ಅಪ್ಪ, ಅವ್ವ ಇಬ್ರೂ ಒಂದ ಬಸ್ಸಿಗೆ ಬರ್ತಾರ್ರಿ."

ಆ ದಿನ ವಾಪಸ್ ಬರುವಾಗ ವ್ಯಾನಿನಲ್ಲಿ ನನ್ನ ಬಾಯಿ ನಿಲ್ಲಲಿಲ್ಲ. ಡಾಕ್ಟರು ಕಿಟಕಿಯಾಚೆ ನೋಡುತ್ತ ಒಂದೇ ಮಾತು ಅಂದರು: "ಮೆಲ್ಲಗೆ."

ನಾನು ಮೆಲ್ಲಗಾಗಲಿಲ್ಲ. ಮುಂದಿನ ಸಲ ಓಬಳೇಶನ ತಾಯಿ ಬಸಮ್ಮಜ್ಜಿಯೂ ಬಂದಿದ್ದಳು. ಹಾಳೆ ಹಾಸಿ ಮನೆಯ ನಕ್ಷೆ ಬರೆಯತೊಡಗಿದೆ, ಗಂಡಸರಿಗೆ ಚೌಕ, ಹೆಂಗಸರಿಗೆ ವೃತ್ತ. ಮೇಲೆ ಅಜ್ಜಿ, ಕೆಳಗೆ ಓಬಳೇಶ, ಪಕ್ಕದಲ್ಲಿ ತವರೂರು ತೆಲಿಗಿಯಿಂದ ಬಂದ ಗಂಗಮ್ಮ. "ಮಕ್ಕಳು ಎಷ್ಟು?" ಅಂದೆ. ಓಬಳೇಶ "ಒಬ್ಬಾಕಿನ" ಅಂದ. ನಾನು ಪವಿತ್ರಳ ವೃತ್ತ ಬರೆದೆ.

ಆಗ ಹುಡುಗಿ ಎಡಗೈ ಚಾಚಿ, ತನ್ನ ವೃತ್ತದ ಪಕ್ಕದ ಖಾಲಿ ಜಾಗದಲ್ಲಿ ಬೆರಳಿಟ್ಟಳು. "ಇಲ್ಲೊಂದು ಐತಲ್ರಿ. ತಮ್ಮ."

ಗಂಗಮ್ಮ ಸೆರಗು ಬಾಯಿಗೆ ಒತ್ತಿಕೊಂಡಳು. ಅಜ್ಜಿ ಸಿಡಿದಳು: "ಹೋಗಿದ್ದನ್ನ ಯಾಕ ಬರಸ್ತೀ ಮೇಡಮ್ಮ? ಒಂದು ದಿನ ಸೈತ ಇರ್ಲಿಲ್ಲ ಆ ಕೂಸು."

ನಾಲ್ಕು ವರ್ಷದ ಹಿಂದೆ ಹುಟ್ಟಿ, ಸಂಜೆಯೊಳಗೆ ಹೋದ ಮಗು. ಆಗ ಓಬಳೇಶ ಕುರಿಯ ಜೊತೆ ರಾಯಚೂರಿನ ಆಚೆ ಎಲ್ಲೋ ಇದ್ದ. ಇದಿಷ್ಟು ಕಿವಿಗೆ ಬಿದ್ದದ್ದೇ ನನಗೆ ಎಲ್ಲವೂ ಒಮ್ಮೆಗೇ ಹೊಳೆದಂತಾಯಿತು. ಸುಮ್ಮನಿರಲಾಗಲಿಲ್ಲ. "ನೋಡ್ರಿ, ನೀವಿಬ್ರೂ ಮಾತಾಡದೆ ಇರೋದಕ್ಕ ಈ ಹುಡುಗಿ ಕೈ ಹಿಂಗಾಗೈತಿ!" ಎಂದು ಜೋರಾಗಿಯೇ ಹೇಳಿದೆ. ದನಿಯಲ್ಲಿ ಗೆದ್ದವಳ ಹುಮ್ಮಸ್ಸಿತ್ತು. ಈಗ ನೆನೆದರೆ ಕಿವಿ ಬಿಸಿಯಾಗುತ್ತದೆ.

ಓಬಳೇಶ ಕಂಬಳಿ ಹೆಗಲಿಗೇರಿಸಿದ. "ನಾವು ಮಗಳ ಕೈ ತೋರ್ಸಾಕ ಬಂದೀವಿ. ನಮ್ಮನ್ನ ತೋರ್ಸಾಕಲ್ಲ." ಹೊರಟೇಹೋದ. ಉಳಿದವರೂ ಅವನ ಹಿಂದೆ.

ಮೂರು ಸೋಮವಾರ ಅವರು ಬರಲಿಲ್ಲ. ಪ್ರತಿ ಸಲ ಬಾಗಿಲ ಸದ್ದಾದಾಗ ತಲೆ ಎತ್ತುತ್ತಿದ್ದೆ. ಕೊನೆಗೊಂದು ದಿನ ನಸೀಮಾ ಚಹಾ ಮುಂದಿಟ್ಟು ಹೇಳಿದರು, "ಮೇಡಂ, ನಿಮಗ ಗೊತ್ತಾತಲ್ಲ ಅನ್ನೋ ಖುಷಿಗೆ ನೀವು ಹೇಳಿಬಿಟ್ರಿ. ಅವ್ರಿಗೆ ಅವತ್ತ ಅದು ಕೇಳಾಕ ಆಗ್ತೈತೋ ಇಲ್ಲೋ ನೋಡ್ಲಿಲ್ಲ." ಆಮೇಲೆ ದನಿ ತಗ್ಗಿಸಿದರು. "ಗಂಗಮ್ಮ ಫೋನ್ ಮಾಡಿದ್ಲು. ಬರಿಯಾಕ ಬರ್ದಿದ್ರ ಸಾಲಿ ಯಾಕಂತ ಅಜ್ಜಿ ಮದುವಿ ಮಾತು ತಗದಾಳಂತ. ದೀಪಾವಳಿ ಆದ ಮ್ಯಾಲೆ ಓಬಳೇಶ ಮತ್ತ ಕುರಿ ಹೊಡಕಂಡು ಹೋಗ್ತಾನ. ಅಷ್ಟರಾಗ ಮುಗಿಸಬೇಕಂತ."

ಹದಿನೈದು ವರ್ಷದ ಹುಡುಗಿ! ಮರುದಿನವೇ ನಾವಿಬ್ಬರೂ ಅವರ ಊರಿಗೆ ಹೊಸಹಳ್ಳಿ ಬಸ್ ಹತ್ತಿದೆವು.

ಅದು ಭಾದ್ರಪದ. ಹೊಲಗಳಲ್ಲಿ ಶೇಂಗಾ ಮೊಣಕಾಲಿಗಿಂತ ಕೆಳಗೆ ಒತ್ತಾಗಿ ಹಬ್ಬಿತ್ತು, ಹಳದಿ ಹೂ ಮುಗಿದು ಮಣ್ಣೊಳಗೆ ಕಾಯಿ ಬಲಿಯುವ ಹೊತ್ತು. ಓಬಳೇಶ ಕುರಿಹಟ್ಟಿಯಲ್ಲಿ ಒಂದು ಕುರಿಯ ಗೊರಸು ಕೆರೆಯುತ್ತ ಕೂತಿದ್ದ. ನಮ್ಮನ್ನು ನೋಡಿದರೂ ಏಳಲಿಲ್ಲ. ನಾನು ಅವನೆದುರು ಕುಕ್ಕರುಗಾಲಲ್ಲಿ ಕೂತೆ.

"ಅವತ್ತು ನಾನು ತಪ್ಪು ಮಾತಾಡಿದೆ. ನಾಕು ವರ್ಷ ನೀವೆಲ್ಲ ಈ ಮನಿ ಮುರೀದಂಗ ಹೆಂಗ ಹಿಡಕಂಡು ಬಂದ್ರಿ ಅಂತ ಕೇಳಬೇಕಾಗಿತ್ತು. ಕೇಳ್ಲಿಲ್ಲ."

ಅವನು ಕುರಿಯ ಕಾಲನ್ನು ನನ್ನ ಕಡೆ ತಿರುಗಿಸಿ ಹಿಡಿದ. ಆಮೇಲೆ ಅಂದ, "ಈ ಕಾಲುಬ್ಯಾನಿ ಐತಲ್ರಿ, ಒಂದು ಕುರಿ ಕುಂಟತೈತಿ ಅಂತ ಒಂದಕ್ಕ ಔಷಧ ಹಾಕಿದ್ರ ಹೋಗಂಗಿಲ್ಲ. ಹಟ್ಟಿ ನೆಲ ನೋಡ್ಬೇಕು, ಹಿಂಡು ನೋಡ್ಬೇಕು. ನಂಗೂ ಗೊತ್ತಾಗ್ತೈತಿ ಮೇಡಂ. ಹೆಂಗ ಶುರು ಮಾಡೋದು ಅನ್ನೋದ ಗೊತ್ತಿಲ್ಲ."

ಕುಣಿಯಬೇಕು ಅನಿಸಿತು ನನಗೆ. ಎರಡು ವರ್ಷ ಕಷ್ಟಪಟ್ಟು ಓದಿದ್ದನ್ನು ಆತ ಕುರಿಯ ಕಾಲು ಹಿಡಿದುಕೊಂಡೇ ಹೇಳಿ ಮುಗಿಸಿದ್ದ. ಈ ಸಲ ಮಾತ್ರ ಬಾಯಿ ಮುಚ್ಚಿಕೊಂಡೆ.

ಮನೆಯೊಳಗೆ ಎಲ್ಲರನ್ನೂ ಕೂರಿಸಿ ಒಂದೇ ಪಥ್ಯ ಹೇಳಿದೆ. "ಕೈ ಬಿಚ್ಚೋತನಕ ಪವಿತ್ರ ಯಾರ ಮಾತೂ ಹೊರಬಾರದು. ಅಪ್ಪನ ಮಾತು ಅವ್ವಗ, ಅವ್ವನ ಮಾತು ಅಪ್ಪಗ, ಅಜ್ಜಿ ಮಾತು ಯಾರಿಗೂ. ಅವಳಿಗೆ ಪೂರ್ತಿ ವಿಶ್ರಾಂತಿ." ಯಾರ ಮೇಲೂ ತಪ್ಪು ಹೊರಿಸಲಿಲ್ಲ, ಯಾರಿಗೂ ಮಾತಾಡಿರಿ ಅನ್ನಲಿಲ್ಲ. ಮದುವೆಯ ಮಾತಿಗೆ ನಸೀಮಾ ಮಾತ್ರ ನೇರವಾಗಿ ಉತ್ತರಿಸಿದರು: "ಹದಿನೆಂಟು ಆಗೋತನಕ ಆ ಮಾತ ಬ್ಯಾಡ ಅಜ್ಜಿ. ಕಾನೂನೂ ಬಿಡಂಗಿಲ್ಲ, ನಾನೂ ಬಿಡಂಗಿಲ್ಲ." ಬಸಮ್ಮಜ್ಜಿ ಮುಖ ತಿರುಗಿಸಿದಳು.

ಮುಂದಿನ ಎರಡು ವಾರ ಗಂಗಮ್ಮನ ಫೋನು ಬಂದಾಗೆಲ್ಲ ನಾನು ಸ್ಪೀಕರ್ ಹಾಕಿ ನಸೀಮಾಗೂ ಕೇಳಿಸುತ್ತಿದ್ದೆ. ಮೊದಮೊದಲು ಗಂಡ ಹೆಂಡತಿ ಗಾಳಿಗೆ ಮಾತಾಡಿದರಂತೆ. ಓಬಳೇಶ ಅಂಗಳದಲ್ಲಿ ಮೇಕೆಯ ಮುಖ ನೋಡುತ್ತ, "ನೀರು ಕಾದಾವೇನಪ್ಪ" ಅಂದನಂತೆ. ಗಂಗಮ್ಮ ಒಲೆಯ ಕಡೆ ತಿರುಗಿ, "ಕಾದಾವಪ್ಪ" ಅಂದಳಂತೆ. ಇದನ್ನು ಹೇಳುವಾಗ ಆಕೆಗೇ ನಗು ತಡೆಯಲಾಗಲಿಲ್ಲ. ಆ ಹೆಂಗಸು ನಗುವುದನ್ನು ನಾವು ಕೇಳಿದ್ದು ಅದೇ ಮೊದಲು. ಹದಿನಾರನೆಯ ದಿನ ಪವಿತ್ರಳೇ ಫೋನ್ ಮಾಡಿದಳು: "ಮೇಡಂ, ಹೆಬ್ಬೆರಳು ಬಂತು! ತೋರುಬೆರಳೂ ಅರ್ಧ ಬಂತು!" ಹಡಗಲಿಯ ಕೋಣೆಯಲ್ಲಿದ್ದೆ ನಾನು. ಹೊರಗೆ ಸಾಲಿನಲ್ಲಿ ಕೂತಿದ್ದವರೆಲ್ಲ ಇಣುಕಿ ನೋಡುವಷ್ಟು ಜೋರಾಗಿ ಕೂಗಿದೆ.

ಕೂಗಿದ್ದು ಬೇಗವಾಯಿತು. ಅದೇ ವಾರ ಬಸಮ್ಮಜ್ಜಿ ಹಾಸಿಗೆ ಹಿಡಿದಳು. ಎದೆ ಬಡಿತ, ತಲೆಸುತ್ತು, ಏಳಲು ಆಗುವುದಿಲ್ಲ. ನಮ್ಮ ಡಾಕ್ಟರು ಇಸಿಜಿ ಮಾಡಿಸಿ, ರಕ್ತ ಪರೀಕ್ಷಿಸಿ ನೋಡಿದರು. ಎಲ್ಲವೂ ಸರಿಯಿತ್ತು. "ಸೊಸಿ ಬಾಯಿ ಬಿಟ್ಟಾಗಿಂದ ನಂಗ ಹಿಂಗಾಗೈತಿ" ಎಂದು ಅಜ್ಜಿ ಬಂದವರಿಗೆಲ್ಲ ಹೇಳತೊಡಗಿದಳು. ಓಬಳೇಶ ಮತ್ತೆ ಮೌನವಾದ. ಗಂಗಮ್ಮ ಬಟ್ಟೆ ಗಂಟು ಕಟ್ಟಿ, "ಮಗಳ್ನ ಕರಕಂಡು ತೆಲಿಗಿಗೆ ಹೊಕ್ಕೀನಿ" ಅಂದಳು. ಬಿಚ್ಚಿದ ಎರಡು ಬೆರಳು ಮತ್ತೆ ಮಡಿಚಿದವು.

ಪುಸ್ತಕದಲ್ಲಿ ಇದೂ ಇತ್ತು. ಮನೆಯಲ್ಲಿ ಒಬ್ಬರು ಬದಲಾದರೆ ಉಳಿದ ಮನೆ ತನಗೆ ರೂಢಿಯಾದ ಹಳೆಯ ಸಮತೋಲಕ್ಕೇ ಅವರನ್ನು ಎಳೆಯುತ್ತದೆ. ಓದುವಾಗ ಅದು ನನಗೆ ಒಂದು ಸಾಲು. ಈಗ ಅದು ಹಾಸಿಗೆಯಲ್ಲಿ ನರಳುವ ಮುದುಕಿ, ಕಟ್ಟಿಟ್ಟ ಬಟ್ಟೆಗಂಟು. ಹೆದರಿದೆ. ಹೆದರಿಕೆಯ ಕೆಳಗೇ ಒಂದು ಕುತೂಹಲವೂ ಕುದಿಯುತ್ತಿತ್ತು. ಅಜ್ಜಿಗೆ ಏನು ಭಯ? ಆ ಮೌನ ಆಕೆಯ ಯಾವ ಕೆಲಸಕ್ಕೆ ಬರುತ್ತಿತ್ತು? ಇಷ್ಟು ದಿನ ನಾನು ಆಕೆಯನ್ನು ಅಡ್ಡಿ ಎಂದೇ ನೋಡಿದ್ದೆ. ಒಂದು ಪ್ರಶ್ನೆಯನ್ನೂ ಕೇಳಿರಲಿಲ್ಲ.

ಶೇಂಗಾ ಕೀಳುವ ದಿನ ಬಂತು. ಗಂಗಮ್ಮ, "ಬೆಳಿ ಕಿತ್ತು ಹೋಗ್ತೀನಿ" ಎಂದು ಗಂಟು ಬದಿಗಿಟ್ಟಿದ್ದಳು. ನಾನೂ ನಸೀಮಾನೂ ಹೊಲಕ್ಕೇ ಹೋದೆವು. ಹಿಂದಿನ ಸಂಜೆ ಹನಿ ಬಿದ್ದು ನೆಲ ಮೆತ್ತಗಾಗಿತ್ತು. ಗಿಡ ಹಿಡಿದು ಎಳೆದರೆ ಸರ್ರನೆ ಬರುತ್ತಿತ್ತು. ಮಧ್ಯಾಹ್ನ ಬೇವಿನ ನೆರಳಲ್ಲಿ ಗುಡ್ಡೆಯ ಸುತ್ತ ಕೂತು ಕಾಯಿ ಬಿಡಿಸತೊಡಗಿದೆವು. ಬೆಳೆ ಮನೆಗೆ ಬರುವ ದಿನ ಮಲಗಲು ಮನಸ್ಸೊಪ್ಪದೆ ಅಜ್ಜಿಯೂ ಬಂದು ಗೋಣಿಚೀಲದ ಮೇಲೆ ಕೂತಿದ್ದಳು. ಎಲ್ಲರ ಕಣ್ಣು ಕೈಮೇಲೆ. ಒಬ್ಬರ ಮುಖ ಒಬ್ಬರು ನೋಡಬೇಕಾಗಿಲ್ಲ. ನನ್ನ ಕೋಣೆಯ ಯಾವ ಕುರ್ಚಿಗಿಂತಲೂ ಅದು ಒಳ್ಳೆಯ ಜಾಗವಾಗಿತ್ತು.

"ಅಜ್ಜಿ, ನಿಮಗ ಮಕ್ಳು ಎಷ್ಟು ಮಂದಿ?" ಅಂದೆ.

"ಇವನೊಬ್ಬನ ಉಳದಾನ."

"ಹುಟ್ಟಿದ್ದು?"

ಅವಳ ಕೈ ನಿಂತಿತು. "ನಾಕು." ಕೈಯಲ್ಲಿದ್ದ ಕಾಯಿ ಗುಡ್ಡೆಗೆ ಹಾಕಿ ಅಂದಳು, "ಒಂದಕ್ಕ ಎಂಟು ತಿಂಗಳಾಗಿತ್ತು. ಅಂಬೆಗಾಲು ಇಡ್ತಿತ್ತು. ಅದು ಹೋದಾಗ ಇವನು ನನ್ನ ಹೊಟ್ಟ್ಯಾಗಿದ್ದ. ಅಳಬ್ಯಾಡ, ಅತ್ರ ಇದೂ ಉಳಿಯಂಗಿಲ್ಲ ಅಂದ್ಲು ನಮ್ಮತ್ತಿ. ಅಳಲಿಲ್ಲ ನಾನು. ಇವನು ಉಳದ. ಅಂದಿಂದ ಆ ಕೂಸಿನ ಹೆಸರು ಯಾರೂ ಎತ್ತಲಿಲ್ಲ. ನಾನೂ ಎತ್ತಲಿಲ್ಲ." ಸೆರಗಿನ ತುದಿಯಿಂದ ಮೂಗೊರೆಸಿಕೊಂಡಳು. "ಅದಕ್ಕ ಇವನಿಗೂ ಹಂಗ ಹೇಳ್ದೆ. ಸುದ್ದಿ ಮುಟ್ಟಿದ ಕೂಡ್ಲೆ ಕುರಿ ಅವರಿವರ ಕೈಯಾಗ ಬಿಟ್ಟು, ಸಿಕ್ಕ ಲಾರಿ ಹತ್ತಿ ಓಡಿ ಬಂದಿದ್ದ. ಬಾಗ್ಲಾಗ ತಡದು, ಆಕಿನ್ನ ಏನೂ ಕೇಳಬ್ಯಾಡ, ಮಾತು ತಗದ್ರ ಮತ್ತೊಂದು ಕೂಸು ನಿಲ್ಲಂಗಿಲ್ಲ ಅಂದೆ."

ಗಂಗಮ್ಮ ತಲೆ ಎತ್ತಿದಳು. "ಓಡಿ ಬಂದಿದ್ದಾ?"

ಆಕೆ ಗಂಡನನ್ನೇ ನೋಡುತ್ತಿದ್ದಳು. "ಹತ್ತು ದಿನಕ್ಕ ಬಂದಿ. ಕುರಿ ಮೇಯಿಸಿ ಮುಗಿಸಿ, ನಿನ್ನ ಪುರುಸೊತ್ತಿಗೆ ಬಂದಿ ಅನಕಂಡಿದ್ದೆ."

"ಸುದ್ದಿ ಮುಟ್ಟಿದ್ದ ಎಂಟು ದಿನಕ್ಕ." ಓಬಳೇಶ ಹೆಂಡತಿಯ ಕಡೆ ತಿರುಗಿದ. "ಬಂದೆ. ನೀ ಗ್ವಾಡಿ ಕಡೆ ಮಖ ಮಾಡಿ ಮಲಗಿದ್ದಿ."

"ನೀ ಬಂದು ಕೇಳ್ಲಿಲ್ಲ ಅಂತ ಮಲಗಿದ್ದೆ."

ನನ್ನ ನಾಲಿಗೆಯ ತುದಿಗೆ ಹತ್ತು ಮಾತು ಬಂದವು. ಒಂದನ್ನೂ ಆಡಲಿಲ್ಲ. ಆ ಹಂಗಾಮಿನಲ್ಲಿ ನಾನು ಮಾಡಿದ ಅತಿ ಒಳ್ಳೆಯ ಕೆಲಸ ಅದು.

ಓಬಳೇಶ ಕೈಯಲ್ಲಿದ್ದ ಗಿಡ ಕೆಳಗಿಟ್ಟ. "ಗಂಗಿ, ಕೂಸು ಯಾರಂಗಿತ್ತು?"

"ನಿನ್ನಂಗ" ಅಂದಳು ಗಂಗಮ್ಮ. "ಕಿವಿ ಅಗಲಕ್ಕಿದ್ವು. ಕೂದ್ಲು ಭಾಳ ಇತ್ತು."

ಅವನು ಕಂಬಳಿಯಲ್ಲಿ ಮುಖ ಮುಚ್ಚಿಕೊಂಡು ಅತ್ತ. ಗಂಗಮ್ಮನೂ ಅತ್ತಳು. ಆಗ ಪವಿತ್ರ, "ಅಪ್ಪ, ನಾನು ಅವತ್ತು ಫೋನ್ ಮಾಡಿ ಮಾಡಿ ಸಾಕಾಗಿತ್ತು. ಹತ್ತಲೇ ಇಲ್ಲ. ನನ್ನಿಂದ ನಿಂಗ ಹೇಳಾಕ ಆಗ್ಲಿಲ್ಲ" ಅಂದಳು. ಆಗ ಅವಳಿಗೆ ಹನ್ನೊಂದು ವರ್ಷ. ಅವ್ವ, ಅಜ್ಜಿ ಕೂಸಿನ ಹತ್ತಿರವೇ ಇದ್ದರು, ಫೋನ್ ಮಾಡಲು ಇದ್ದವಳು ಅವಳೊಬ್ಬಳೇ. ಕೈ ಮುಚ್ಚಿದ್ದು ಅದಕ್ಕೇ ಎಂದು ನಾನು ಇವತ್ತಿಗೂ ಖಡಾಖಂಡಿತ ಹೇಳಲಾರೆ. ಓಬಳೇಶ ಮಾತ್ರ ಕಂಬಳಿ ಸರಿಸಿ, "ಅಲ್ಲಿ ಟವರ್ ಇರ್ಲಿಲ್ಲ ಮಗಳ. ನಿಂದೇನೈತಿ ತಪ್ಪು?" ಅಂದ. ಮತ್ತೆ ಮತ್ತೆ ಅದನ್ನೇ ಅಂದ.

ಹುಡುಗಿ ಕಣ್ಣೊರೆಸಿಕೊಂಡು ದಡಬಡ ಎದ್ದಳು, ಇಬ್ಬರಿಗೂ ನೀರು ತರಲು. ನಸೀಮಾ ಅವಳ ಲಂಗ ಹಿಡಿದು ಎಳೆದರು. "ಕುಂದ್ರು ಮಗಳ. ನೀರು ಬೇಕಂದ್ರ ಅವ್ರ ಎದ್ದು ಕುಡೀತಾರ."

ಅಲ್ಲಿಗೆ ಎಲ್ಲ ಸರಿಹೋಯಿತು ಎಂದು ಬರೆದರೆ ಸುಳ್ಳಾಗುತ್ತದೆ. ಅಜ್ಜಿ ಮರುದಿನವೇ ಎದ್ದು ಓಡಾಡಿದಳು. ಆದರೆ ವಾರಗಟ್ಟಲೆ ಸೊಸೆಯ ಮೇಲೆ ಗೊಣಗಿದಳು. ಗೊಣಗಾಟದ ನಡುವೆಯೇ ಒಮ್ಮೆ ಪವಿತ್ರಳನ್ನು ಹತ್ತಿರ ಕೂರಿಸಿಕೊಂಡು, ಎಂಟು ತಿಂಗಳಿಗೆ ಹೋದ ತನ್ನ ಕೂಸಿನ ಹೆಸರು ಹೇಳಿದಳಂತೆ. ಮದುವೆಯ ಮಾತನ್ನು ಓಬಳೇಶ ತಾನೇ ತಾಯಿಗೆ ಹೇಳಿ ನಿಲ್ಲಿಸಿದ. ಗಂಗಮ್ಮ ತೆಲಿಗಿಗೆ ಹೋದಳು, ನಾಲ್ಕು ದಿನ ಇದ್ದು ತಾನಾಗಿ ಬಂದಳು. ಪವಿತ್ರಳ ಬೆರಳು ಒಂದೊಂದಾಗಿ ಬಿಚ್ಚಿಕೊಂಡವು, ಕಿರುಬೆರಳು ಎಲ್ಲಕ್ಕಿಂತ ಕೊನೆಗೆ. ಪರೀಕ್ಷೆಯಲ್ಲಿ ಅವಳ ಅಕ್ಷರ ಕಾಗೆ ಕಾಲಿನಂತಿತ್ತು ಎಂದು ಅವಳೇ ನಗುತ್ತಾಳೆ. ಪಾಸಾದಳು. ಈಗ ಕೊಟ್ಟೂರಿನಲ್ಲಿ ಡಿಗ್ರಿ ಓದುತ್ತಿದ್ದಾಳೆ.

ಆದರೆ ಆ ವರ್ಷ ನೆನೆದಾಗ ನನ್ನ ಕಣ್ಣಿಗೆ ಕಟ್ಟುವುದು ಪರೀಕ್ಷೆಯೂ ಅಲ್ಲ, ಆ ಹೊಲದ ಅಳುವೂ ಅಲ್ಲ. ದೀಪಾವಳಿ ಕಳೆದ ಮೇಲಿನ ಒಂದು ಸೋಮವಾರ. ಓಬಳೇಶ ಕುರಿ ಹೊರಡಿಸುವ ಮೊದಲು ಮೂವರೂ ಕೊನೆಯ ಸಲ ಕೂಡ್ಲಿಗಿಗೆ ಬಂದಿದ್ದರು. ನಾನು ಇನ್ನೊಬ್ಬರನ್ನು ನೋಡಿ ಮುಗಿಸುವಷ್ಟರಲ್ಲಿ ಹೊರಗೆ ವರಾಂಡದಲ್ಲಿ ಗಲಾಟೆ ಕೇಳಿಸಿತು. ಬಾಗಿಲು ತೆರೆದೆ.

"ಈ ಸಲ ಹಡಗಲಿ ಹೊಳಿ ಕಡೆ ಹೋಗು ಅಂದ್ರ ಕೇಳಂಗಿಲ್ಲಲ್ಲ ನೀನು! ವಾರಕ್ಕೊಮ್ಮಿ ಬಂದು ಹೋಗಾಕ ಆಗ್ತೈತಿ!" ಗಂಗಮ್ಮ ಸೊಂಟಕ್ಕೆ ಕೈಯಿಟ್ಟು ನಿಂತಿದ್ದಳು.

"ಹೊಳಿ ದಂಡ್ಯಾಗ ಮೇವೆಲ್ಲೈತಿ? ನಿನಗೇನು ಗೊತ್ತು ಕುರಿ ವಿಚಾರ?"

"ಕುರಿಗೆ ಮೇವು ಆತು. ಮನ್ಯಾಗ ಇರೋರ್ಗೆ?"

"ಲೇ, ಮೆಲ್ಲಕ ಮಾತಾಡು, ಮಂದಿ ನೋಡಾಕತ್ತಾರ!"

"ನೋಡ್ಲಿ!"

ಸಾಲಿನಲ್ಲಿದ್ದವರೆಲ್ಲ ನೋಡುತ್ತಲೇ ಇದ್ದರು. ಸಮಾಧಾನ ಮಾಡೋಣ ಎಂದು ಒಂದು ಹೆಜ್ಜೆ ಮುಂದಿಟ್ಟೆ. ನಸೀಮಾ ನನ್ನ ಮಣಿಕಟ್ಟು ಹಿಡಿದುಕೊಂಡರು. ಗದ್ದ ಎತ್ತಿ ಬೆಂಚಿನ ಕಡೆ ತೋರಿಸಿದರು. ಜಗಳದಿಂದ ಎರಡು ಮಾರು ದೂರದಲ್ಲಿ ಪವಿತ್ರ ಕೂತಿದ್ದಳು. ಅಪ್ಪನ ಮುಖವನ್ನೂ ಅವ್ವನ ಮುಖವನ್ನೂ ಸರದಿಯಂತೆ ಕಾಯುತ್ತಿದ್ದ ಆ ಹುಡುಗಿ, ಗೋಡೆಗೆ ತಲೆಯಾನಿಸಿ, ಬಾಯಿ ಅರ್ಧ ತೆರೆದು, ಗಾಢ ನಿದ್ದೆ ಹೋಗಿದ್ದಳು.